ನೆಕ್ರಾನಮಿಕಾನ್: ಪದೇ ಪದೇ ಕೇಳುವ ಪ್ರಶ್ನೆಗಳು

ತುಮಕೂರಿನಲ್ಲಿ ನಾವೊಂದಿಷ್ಟು ಜನ ಸೇರಿ ಭಯದ ಕಥೆಗಳನ್ನು ಜೋರಾಗಿ ಓದುತ್ತೇವೆ. ಲವ್‌ಕ್ರಾಫ್ಟ್ ಕಥೆ ಓದಿದಾಗೆಲ್ಲ ಮಾತು ಒಂದೇ ಪುಸ್ತಕದ ಕಡೆ ಹೊರಳುತ್ತದೆ. ಮಧುಗಿರಿ, ಪಾವಗಡ, ಚಿಂತಾಮಣಿ, ಮುಳಬಾಗಿಲು ಕಡೆಯಿಂದ ಬರುವ ಪತ್ರಗಳಲ್ಲೂ ಅದೇ ವಿಷಯ. ಒಬ್ಬೊಬ್ಬರಿಗೂ ಬೇರೆ ಬೇರೆಯಾಗಿ ಬರೆದು ಸಾಕಾಯಿತು. ಅದಕ್ಕೆ ಕೇಳಿದವರ ಮಾತಿನಲ್ಲೇ ಪ್ರಶ್ನೆ ಇಟ್ಟು ಇಲ್ಲಿ ಒಟ್ಟು ಮಾಡಿದ್ದೇನೆ. ಹೊಸಬರು ಮೇಲಿನಿಂದ ಓದಿ. ಕಥೆಗಳನ್ನು ಆಗಲೇ ಓದಿದವರು ನೇರ ಕೆಳಗೆ ಇಳಿಯಬಹುದು.

## ಮೊದಲ ಸಲ ಕೇಳುವವರಿಗೆ

ನೆಕ್ರಾನಮಿಕಾನ್ ಅಂದ್ರೆ ಏನು ಸಾರ್? ಅದು ನಿಜವಾಗಿ ಇದೆಯಾ?

ಇಲ್ಲ. ಅಮೆರಿಕದ ಕಥೆಗಾರ ಎಚ್. ಪಿ. ಲವ್‌ಕ್ರಾಫ್ಟ್ ತನ್ನ ಕಥೆಗಳಿಗಾಗಿ ಹುಟ್ಟಿಸಿದ ಮಂತ್ರದ ಪುಸ್ತಕ ಅದು. ಕಥೆಯೊಳಗೆ ಅದಕ್ಕೆ ಸಾವಿರದ ಇನ್ನೂರು ವರ್ಷ ವಯಸ್ಸು. ಹೊರಗೆ ಈಗಷ್ಟೇ ನೂರು ದಾಟಿದೆ. 1922ರಲ್ಲಿ ಬರೆದ ‘ದಿ ಹೌಂಡ್’ ಎಂಬ ಸಣ್ಣ ಕಥೆಯಲ್ಲಿ ಈ ಹೆಸರು ಮೊದಲ ಸಲ ಬರುತ್ತದೆ. ಆ ಕಥೆ ‘ವಿಯರ್ಡ್ ಟೇಲ್ಸ್’ ಎಂಬ ಅಗ್ಗದ ಕಾಗದದ ಮಾಸಪತ್ರಿಕೆಯಲ್ಲಿ 1924ರಲ್ಲಿ ಅಚ್ಚಾಯಿತು. ಅದಕ್ಕೂ ಹಿಂದಿನ ಯಾವ ಗ್ರಂಥದಲ್ಲೂ, ಯಾವ ಭಾಷೆಯಲ್ಲೂ ಈ ಪುಸ್ತಕದ ಸುಳಿವಿಲ್ಲ.

ಆಮೇಲೆ ಅವನು ಕಥೆಯಿಂದ ಕಥೆಗೆ ಅದನ್ನು ಹೊತ್ತುಕೊಂಡು ಹೋದ. ಒಂದು ಕಡೆ ಎರಡು ಸಾಲು, ಇನ್ನೊಂದು ಕಡೆ ಬರೀ ಹೆಸರು. ಓದುಗರಿಗೆ ಅಷ್ಟೇ ಸಾಕಾಯಿತು.

ಲವ್‌ಕ್ರಾಫ್ಟ್ ಮಂತ್ರವಾದಿಯಾಗಿದ್ದನಾ? ಮಾಟ ಕಲಿತಿದ್ದನಂತೆ?

ತದ್ವಿರುದ್ಧ. ದೇವರನ್ನೂ ದೆವ್ವವನ್ನೂ ನಂಬದ ಮನುಷ್ಯ. 1890ರಲ್ಲಿ ರೋಡ್ ಐಲೆಂಡಿನ ಪ್ರಾವಿಡೆನ್ಸ್ ಊರಿನಲ್ಲಿ ಹುಟ್ಟಿದ. ಖಗೋಳ ವಿಜ್ಞಾನ ಅಂದರೆ ಚಿಕ್ಕಂದಿನಿಂದ ಹುಚ್ಚು. ಊರಿನ ಪತ್ರಿಕೆಗಳಿಗೆ ನಕ್ಷತ್ರ, ಗ್ರಹಗಳ ಬಗ್ಗೆ ಅಂಕಣ ಬರೆಯುತ್ತಿದ್ದ, ಜ್ಯೋತಿಷ್ಯವನ್ನು ಪತ್ರಿಕೆಯಲ್ಲೇ ಗೇಲಿ ಮಾಡುತ್ತಿದ್ದ. ಬಡತನದಲ್ಲೇ ಬದುಕಿ 1937ರಲ್ಲಿ ಕರುಳಿನ ಕ್ಯಾನ್ಸರಿನಿಂದ ತೀರಿಕೊಂಡ. ಆಗ ಅವನಿಗೆ 46.

ಮಾಟದ ಬಗ್ಗೆ ಅವನಿಗೆ ಗೊತ್ತಿದ್ದದ್ದು ವಿಶ್ವಕೋಶ ಓದಿದವರಿಗೆ ಗೊತ್ತಿರುವಷ್ಟೇ. ನನ್ನ ಮಟ್ಟಿಗೆ ಅದೇ ಅವನ ಅನುಕೂಲ. ನಂಬುವವನು ಬರೆದಿದ್ದರೆ ವಿಧಿವಿಧಾನಗಳನ್ನೆಲ್ಲ ವಿವರವಾಗಿ ಬರೆದು ಬೋರು ಹೊಡೆಸುತ್ತಿದ್ದ.

ಅಬ್ದುಲ್ ಅಲ್‌ಹಜ್ರೆಡ್ ಅನ್ನೋ ಅರಬ್ಬಿ ಕವಿ ಚರಿತ್ರೆಯಲ್ಲಿ ಇದ್ದಾನಲ್ವಾ?

ಇಲ್ಲ. ಅದು ಐದು ವರ್ಷದ ಹುಡುಗನ ಆಟದ ಹೆಸರು. ಅರೇಬಿಯನ್ ನೈಟ್ಸ್ ಕಥೆಗಳ ಮೋಹಕ್ಕೆ ಬಿದ್ದ ಪುಟ್ಟ ಲವ್‌ಕ್ರಾಫ್ಟ್ ಮನೆಯಲ್ಲಿ ತಾನೇ ಅರಬ್ಬಿ ಎಂದು ವೇಷ ಹಾಕಿಕೊಂಡು ಆಡುತ್ತಿದ್ದ. ಆಗ ಇಟ್ಟುಕೊಂಡ ಹೆಸರನ್ನೇ ದೊಡ್ಡವನಾದ ಮೇಲೆ ಪುಸ್ತಕದ ಕರ್ತೃವಿಗೆ ಕೊಟ್ಟ. ಅರಬ್ಬಿ ಬಲ್ಲವರಿಗೆ ಈ ಹೆಸರು ಕೇಳಿದರೇ ನಗು ಬರುತ್ತದೆ. ‘ಅಬ್ದುಲ್’ನಲ್ಲೇ ಒಂದು ‘ಅಲ್’ ಸೇರಿಕೊಂಡಿದೆ, ಹಿಂದೆಯೇ ಇನ್ನೊಂದು ಬಂದರೆ ವ್ಯಾಕರಣ ಕೂಡುವುದಿಲ್ಲ. ಎಂಟನೇ ಶತಮಾನದ ಯಮನ್ ಕವಿ ತನ್ನ ಹೆಸರನ್ನೇ ಹೀಗೆ ಇಟ್ಟುಕೊಳ್ಳುವುದು ಸಾಧ್ಯವೇ ಇಲ್ಲ.

ನನ್ನ ಮಗ ಇದನ್ನ ಓದ್ತಾ ಇದಾನೆ. ಓದಿದ್ರೆ ಹುಚ್ಚು ಹಿಡಿಯುತ್ತೆ ಅಂತಾರಲ್ಲ, ನಿಜವಾ?

ಶಿರಾ ಕಡೆಯ ತಾಯಿಯೊಬ್ಬರ ಪ್ರಶ್ನೆ. ಹುಚ್ಚು ಹಿಡಿಯುವುದು ಕಥೆಯ ಪಾತ್ರಗಳಿಗೆ ಮಾತ್ರ ಅಮ್ಮಾ. ಈ ಜಗತ್ತಿಗೆ ಮನುಷ್ಯ ಲೆಕ್ಕಕ್ಕೇ ಇಲ್ಲ ಎಂದು ಗೊತ್ತಾದಾಗ ಅವರ ತಲೆ ಕೆಡುತ್ತದೆ, ಕಥೆ ಅಷ್ಟೆ. ಓದುವ ಹುಡುಗನಿಗೆ ಜಾಸ್ತಿ ಅಂದರೆ ನಿದ್ದೆ ಕೆಡಬಹುದು. ಇಂಗ್ಲಿಷ್ ಕಷ್ಟದ್ದು, ವಾಕ್ಯಗಳು ಉದ್ದುದ್ದ, ಪರೀಕ್ಷೆಗೆ ಸಹಾಯವಾದರೂ ಆಗುತ್ತದೆ. ಅವನು ಓದುತ್ತಿರುವುದು ಕಥೆಗಳನ್ನೋ ಅಥವಾ ಅದೇ ಹೆಸರಿನಲ್ಲಿ ಮಾರುವ ಪೂಜಾವಿಧಿಯ ಪುಸ್ತಕವನ್ನೋ ಎಂದು ಮಾತ್ರ ನೋಡಿ. ಎರಡನೆಯದಾದರೆ ಅದು ಹೇಗೆ ಹುಟ್ಟಿತು ಅನ್ನುವುದನ್ನು ಕೆಳಗೆ ಬರೆದಿದ್ದೇನೆ, ಅವನಿಗೂ ಓದಿಸಿ.

ಯಾವ ಕಥೆಯಿಂದ ಶುರು ಮಾಡಲಿ?

‘ದಿ ಡನ್‌ವಿಚ್ ಹಾರರ್’. ಪುಸ್ತಕ ಅಲ್ಲಿ ಬರೀ ಹೆಸರಾಗಿ ಉಳಿಯದೆ ಕಥೆಯನ್ನೇ ನಡೆಸುತ್ತದೆ.

## ಕಥೆಯೊಳಗಿನ ಪುಸ್ತಕ

ಈ ಪುಸ್ತಕದ ಪೂರ್ತಿ ಚರಿತ್ರೆ ಒಂದೇ ಕಡೆ ಹೇಳಿಬಿಡಿ.

ಲವ್‌ಕ್ರಾಫ್ಟೇ 1927ರಲ್ಲಿ ಬರೆದಿಟ್ಟಿದ್ದಾನೆ. ಕಥೆಯಿಂದ ಕಥೆಗೆ ಇಸವಿಗಳು ತಾಳೆಯಾಗಲಿ ಎಂದು ತನಗಾಗಿ ಮಾಡಿಕೊಂಡ ನಾಲ್ಕಾರು ಪುಟದ ಟಿಪ್ಪಣಿ. ಅವನು ಸತ್ತ ಮರುವರ್ಷ, 1938ರಲ್ಲಿ ಸಣ್ಣ ಕಿರುಹೊತ್ತಗೆಯಾಗಿ ಹೊರಬಂತು. ಅದರ ಪ್ರಕಾರ ಕಥೆ ಹೀಗೆ.

ಯಮನ್ ದೇಶದ ಸನಾ ಊರಿನ ಹುಚ್ಚು ಕವಿ ಅಲ್‌ಹಜ್ರೆಡ್. ಬ್ಯಾಬಿಲೋನಿನ ಹಾಳು ಊರುಗಳನ್ನೂ ಈಜಿಪ್ಟಿನ ಮೆಂಫಿಸ್ ನೆಲದಡಿಯ ಗುಟ್ಟುಗಳನ್ನೂ ನೋಡಿದ. ಅರೇಬಿಯಾದ ದಕ್ಷಿಣದ ಮಹಾ ಮರಳುಗಾಡಿನಲ್ಲಿ ಹತ್ತು ವರ್ಷ ಒಬ್ಬನೇ ಕಳೆದ. ಕೊನೆಗೆ ಡಮಾಸ್ಕಸ್‌ನಲ್ಲಿ ಕೂತು, ಸುಮಾರು 730ರಲ್ಲಿ ‘ಅಲ್ ಅಜೀಫ್’ ಬರೆದ. ರಾತ್ರಿ ಹೊತ್ತು ಹುಳುಗಳು ಮಾಡುವ ಸದ್ದನ್ನು ಜನ ದೆವ್ವಗಳ ಕೂಗು ಅಂದುಕೊಳ್ಳುತ್ತಿದ್ದರಂತೆ, ಆ ಸದ್ದಿನ ಹೆಸರು ಇದು. 738ರಲ್ಲಿ ಅವನು ಸತ್ತ. ಹಾಡಹಗಲೇ, ಜನ ನೋಡುತ್ತಿದ್ದಂತೆ, ಕಣ್ಣಿಗೆ ಕಾಣದ ಏನೋ ಒಂದು ಅವನನ್ನು ಹಿಡಿದು ತಿಂದುಹಾಕಿತಂತೆ.

950ರಲ್ಲಿ ಕಾನ್‌ಸ್ಟಾಂಟಿನೋಪಲಿನ ಥಿಯೋಡೋರಸ್ ಫಿಲೆಟಾಸ್ ಎಂಬಾತ ಗುಟ್ಟಾಗಿ ಗ್ರೀಕಿಗೆ ತಂದ. ನೆಕ್ರಾನಮಿಕಾನ್ ಎಂಬ ಹೆಸರು ಬಂದದ್ದು ಆಗ. 1050ರಲ್ಲಿ ಅಲ್ಲಿಯ ಧರ್ಮಗುರು ಮೈಕಲ್ ಅದನ್ನು ಸುಡಿಸಿದ. 1228ರಲ್ಲಿ ಓಲಾಸ್ ವರ್ಮಿಯಸ್ ಲ್ಯಾಟಿನ್ನಿಗೆ ಅನುವಾದಿಸಿದ. ನಾಲ್ಕೇ ವರ್ಷಕ್ಕೆ ಒಂಬತ್ತನೇ ಗ್ರೆಗರಿ ಪೋಪ್ ಗ್ರೀಕ್, ಲ್ಯಾಟಿನ್ ಎರಡನ್ನೂ ನಿಷೇಧಿಸಿದ. ಅಷ್ಟರಲ್ಲಿ ಅರಬ್ಬಿ ಮೂಲ ಕಳೆದುಹೋಗಿತ್ತು. 15ನೇ ಶತಮಾನದಲ್ಲಿ ಜರ್ಮನಿಯಲ್ಲಿ, 17ನೇ ಶತಮಾನದಲ್ಲಿ ಸ್ಪೇನಿನಲ್ಲಿ ಲ್ಯಾಟಿನ್ ಅಚ್ಚಾಯಿತು. ಇಂಗ್ಲೆಂಡಿನ ಜಾನ್ ಡೀ ಇಂಗ್ಲಿಷಿಗೆ ತಂದರೂ ಅದು ಅಚ್ಚಾಗಲಿಲ್ಲ, ಚೂರುಪಾರು ಉಳಿಯಿತು.

ಈಗ ಪ್ರತಿಗಳು ಎಲ್ಲಿವೆ ಅನ್ನುವುದನ್ನೂ ಟಿಪ್ಪಣಿ ಹೇಳುತ್ತದೆ. ಬ್ರಿಟಿಷ್ ಮ್ಯೂಸಿಯಂನಲ್ಲಿ ಬೀಗ ಹಾಕಿಟ್ಟ ಒಂದು, ಪ್ಯಾರಿಸಿನ ರಾಷ್ಟ್ರೀಯ ಗ್ರಂಥಾಲಯದಲ್ಲಿ ಒಂದು, ಹಾರ್ವರ್ಡಿನಲ್ಲಿ ಒಂದು, ಬ್ಯೂನಸ್ ಐರಿಸ್ ವಿಶ್ವವಿದ್ಯಾಲಯದಲ್ಲಿ ಒಂದು, ಆಮೇಲೆ ಆರ್ಕಮ್ ಊರಿನ ಮಿಸ್ಕಟೋನಿಕ್ ವಿಶ್ವವಿದ್ಯಾಲಯದಲ್ಲಿ ಒಂದು. ಕೊನೆಯ ಊರೂ ವಿಶ್ವವಿದ್ಯಾಲಯವೂ ಲವ್‌ಕ್ರಾಫ್ಟ್ ಕಟ್ಟಿದ್ದು. ಉಳಿದ ನಾಲ್ಕು ಜಾಗಗಳಿಗೆ ಬೇಕಾದರೆ ಇವತ್ತೇ ಹೋಗಿ ಬರಬಹುದು.

ಪೋಪ್, ಜಾನ್ ಡೀ ಎಲ್ಲ ನಿಜವಾದವರೇ ಅಲ್ವಾ? ಹಾಗಾದ್ರೆ ಪೂರ್ತಿ ಸುಳ್ಳು ಹೇಗಾಗುತ್ತೆ?

ಕೈಚಳಕ ಇರುವುದೇ ಇಲ್ಲಿ. ಒಂದು ಸುಳ್ಳಿನ ಎರಡೂ ಪಕ್ಕ ಒಂದೊಂದು ನಿಜ ನಿಲ್ಲಿಸುತ್ತಾನೆ.

ಮೈಕಲ್ ಕೆರುಲಾರಿಯಸ್ ನಿಜವಾಗಿಯೂ ಕಾನ್‌ಸ್ಟಾಂಟಿನೋಪಲಿನ ಧರ್ಮಗುರು, ಕಾಲ 1043ರಿಂದ 1059ರ ತನಕ. 1050 ಅದರೊಳಗೇ ಬರುತ್ತದೆ. ಒಂಬತ್ತನೇ ಗ್ರೆಗರಿ 1227ರಿಂದ 1241ರವರೆಗೆ ಪೋಪ್ ಆಗಿದ್ದ, 1232 ಕೂಡ ಸರಿ. ಅಷ್ಟೇ ಅಲ್ಲ, ಯಹೂದಿಗಳ ಧರ್ಮಗ್ರಂಥವಾದ ತಾಲ್ಮುದ್ ಪ್ರತಿಗಳನ್ನು ವಶಪಡಿಸಿಕೊಳ್ಳಿ ಎಂದು 1239ರಲ್ಲಿ ಆಜ್ಞೆ ಹೊರಡಿಸಿದವನೂ ಅವನೇ. ಪುಸ್ತಕದ ಮೇಲೆ ಕಣ್ಣಿಟ್ಟ ಪೋಪ್ ಇನ್ನೊಂದು ಪುಸ್ತಕ ನಿಷೇಧಿಸಿದ ಅಂದರೆ ಯಾರು ತಾನೇ ಅನುಮಾನ ಪಡುತ್ತಾರೆ? ಜಾನ್ ಡೀ ಮೊದಲನೇ ಎಲಿಜಬೆತ್ ರಾಣಿಯ ಕಾಲದ ಗಣಿತಜ್ಞ, ದೇವದೂತರ ಜೊತೆ ಮಾತಾಡಿದ್ದೇನೆ ಎಂದು ದಿನಚರಿ ಬರೆದವನು. ಅವನದೆನ್ನುವ ಕಪ್ಪು ಕಲ್ಲಿನ ಕನ್ನಡಿ ಬ್ರಿಟಿಷ್ ಮ್ಯೂಸಿಯಂನಲ್ಲಿ ಈಗಲೂ ಇದೆ. ಕನ್ನಡಿ ಇದ್ದ ಮೇಲೆ ಪುಸ್ತಕ ಯಾಕಿರಬಾರದು ಅನ್ನಿಸುತ್ತದೆ ಅಲ್ವಾ? ಅಂದಹಾಗೆ, ಡೀಯನ್ನು ಸೇರಿಸಿದ್ದು ಲವ್‌ಕ್ರಾಫ್ಟ್ ಅಲ್ಲ, ಅವನ ಗೆಳೆಯ ಫ್ರಾಂಕ್ ಬೆಲ್ಕ್‌ನ್ಯಾಪ್ ಲಾಂಗ್. ಲವ್‌ಕ್ರಾಫ್ಟ್ ಅದನ್ನು ಖುಷಿಯಿಂದ ಚರಿತ್ರೆಗೆ ಸೇರಿಸಿಕೊಂಡ.

ಒಂದು ಕಡೆ ಮಾತ್ರ ಲೆಕ್ಕ ತಪ್ಪಿದೆ. ಓಲಾಸ್ ವರ್ಮಿಯಸ್ ಅಂದರೆ ಓಲೆ ವರ್ಮ್, ಡೆನ್ಮಾರ್ಕಿನ ವೈದ್ಯ. ಅವನು ಹುಟ್ಟಿದ್ದು 1588ರಲ್ಲಿ. 1228ರ ಅನುವಾದಕ್ಕೂ ಅವನ ಹುಟ್ಟಿಗೂ 360 ವರ್ಷದ ಅಂತರ. ಇನ್ನೂ ತಮಾಷೆ ಅಂದರೆ, ರಾಜಮಹಾರಾಜರು ಚಿನ್ನದ ಬೆಲೆ ಕೊಟ್ಟು ಕೊಳ್ಳುತ್ತಿದ್ದ ‘ಒಂಟಿಕೊಂಬಿನ ಕುದುರೆಯ ಕೊಂಬು’ ಅಸಲಿಗೆ ನಾರ್ವಾಲ್ ಎಂಬ ಕಡಲಪ್ರಾಣಿಯ ಹಲ್ಲು ಎಂದು ತಲೆಬುರುಡೆ ಸಮೇತ ತೋರಿಸಿಕೊಟ್ಟವನು ಇದೇ ವರ್ಮ್. ಮೂಢನಂಬಿಕೆ ಒಡೆದವನ ತಲೆಗೆ ಮಾಟದ ಪುಸ್ತಕ ಕಟ್ಟಿದ್ದಾರೆ, ಪಾಪ.

ಒಳಗೆ ಏನಿದೆ? ಮಂತ್ರಗಳಾ, ಪುರಾಣವಾ?

ಎರಡೂ, ಆದರೆ ಸಿಗುವುದು ತುಂಬಾ ಕಡಿಮೆ. ಎಲ್ಲ ಕಥೆಗಳಲ್ಲಿ ಉಲ್ಲೇಖಿಸಿದ ಸಾಲುಗಳನ್ನು ಜೋಡಿಸಿದರೂ ಕೆಲವೇ ಪುಟ ಆದೀತು. ಅದರಿಂದ ಗೊತ್ತಾಗುವುದು ಇಷ್ಟು. ಮನುಷ್ಯರಿಗಿಂತ ಮೊದಲು ಈ ಭೂಮಿ ಬೇರೆಯವರದ್ದಾಗಿತ್ತು. ಅವರು ಈಗಲೂ ಹೊಸ್ತಿಲ ಆಚೆ ಇದ್ದಾರೆ. ಯೋಗ್‌-ಸೊಥೋತ್ ಎಂಬಾತ ಆ ಬಾಗಿಲೂ ಹೌದು, ಬೀಗದ ಕೈಯೂ ಹೌದು. ಸಮುದ್ರದ ತಳದಲ್ಲಿ ಕ್ಥುಲ್ಹು ಎಂಬ ದೈತ್ಯ ಮಲಗಿದ್ದಾನೆ. ನಕ್ಷತ್ರಗಳು ಕೂಡಿಬಂದಾಗ ಸರಿಯಾದ ಮಾತು ಸರಿಯಾದ ಜಾಗದಲ್ಲಿ ಹೇಳಿದರೆ ಬಾಗಿಲು ತೆರೆಯುತ್ತದೆ.

ನಮ್ಮ ಮಂತ್ರ ಪರಂಪರೆ ಬಲ್ಲವರು ಒಂದು ವ್ಯತ್ಯಾಸ ಗಮನಿಸಬೇಕು. ನಮ್ಮಲ್ಲಿ ಫಲಶ್ರುತಿ ಇಲ್ಲದ ಮಂತ್ರವೇ ಇಲ್ಲ. ಮಳೆಗೆ, ಮಗುವಿಗೆ, ಕೋರ್ಟು ಕೇಸಿಗೆ, ಕಡೆಗೆ ಪಕ್ಕದ ಮನೆಯವನ ಬಾಯಿ ಕಟ್ಟಲಿಕ್ಕಾದರೂ ಒಂದು ಫಲ ಇರುತ್ತದೆ. ದೇವತೆ ಒಲಿಯುತ್ತದೆ ಅಥವಾ ಮುನಿಯುತ್ತದೆ. ಇಲ್ಲಿ ಒಲಿಯುವವರೂ ಇಲ್ಲ, ಮುನಿಯುವವರೂ ಇಲ್ಲ. ಕರೆದವನಿಗೂ ಲಾಭ ಇಲ್ಲ. ದೇವರಿಲ್ಲದ ಖಗೋಳ ವಿಜ್ಞಾನಿಯೊಬ್ಬ ಮಂತ್ರಶಾಸ್ತ್ರ ಬರೆದರೆ ಹೇಗಿರುತ್ತದೋ ಹಾಗಿದೆ.

ಮನುಷ್ಯರ ಚರ್ಮದ ಹೊದಿಕೆ, ರಕ್ತದ ಅಕ್ಷರ ಅಂತಾರಲ್ಲ?

ಅದು ಸಿನಿಮಾದ್ದು. 1980ರ ದಶಕದ ಒಂದು ಅಮೆರಿಕನ್ ಹಾರರ್ ಸರಣಿಯಿಂದ ಹರಡಿದ ಚಿತ್ರ. ಲವ್‌ಕ್ರಾಫ್ಟ್ ಕಥೆಗಳಲ್ಲಿ ನೆಕ್ರಾನಮಿಕಾನ್ ಲೈಬ್ರರಿಯಲ್ಲಿರುವ ಹಳೇ ದಪ್ಪ ಪುಸ್ತಕ ಅಷ್ಟೆ. ‘ದಿ ಹೌಂಡ್’ನಲ್ಲಿ ಮನುಷ್ಯ ಚರ್ಮದ ಒಂದು ಕಡತ ಬರುತ್ತದೆ ನಿಜ, ಆದರೆ ಅದು ಬೇರೆ.

## ಅಂಗಡಿಯಲ್ಲಿ ಸಿಗುವುದು

ಆನ್‌ಲೈನಲ್ಲಿ ನೆಕ್ರಾನಮಿಕಾನ್ ಅಂತಲೇ ಪುಸ್ತಕ ಮಾರ್ತಾರಲ್ಲ, ಅದು ಯಾವುದು?

ಒಂದಲ್ಲ, ಹಲವು. ಮುಖ್ಯವಾದ ಮೂರು 1970ರ ದಶಕದವು.

1973ರಲ್ಲಿ ಎಲ್. ಸ್ಪ್ರಾಗ್ ಡಿ ಕ್ಯಾಂಪ್ ಎಂಬ ಲೇಖಕರ ಮುನ್ನುಡಿಯೊಂದಿಗೆ ‘ಅಲ್ ಅಜೀಫ್’ ಬಂತು. ಮುನ್ನುಡಿ ಬಿಟ್ಟರೆ ಉಳಿದದ್ದೆಲ್ಲ ಅರಬ್ಬಿ ತರಹ ಕಾಣುವ, ಯಾರೂ ಓದಲಾಗದ ಲಿಪಿ. ಅದೇ ಪುಟಗಳು ಮತ್ತೆ ಮತ್ತೆ ಬರುತ್ತವೆ. ಯಾರಿಗೂ ಮೋಸವಾಗದ ಒಳ್ಳೇ ತಮಾಷೆ.

1977ರದ್ದು ‘ಸೈಮನ್’ ಎಂಬ ಗುಪ್ತನಾಮದವನದು. ನ್ಯೂಯಾರ್ಕಿನಲ್ಲಿ ಮೊದಲು ಚರ್ಮದ ಹೊದಿಕೆಯಲ್ಲಿ ಬಂದು, 1980ರಲ್ಲಿ ಅಗ್ಗದ ಪೇಪರ್‌ಬ್ಯಾಕ್ ಆಯಿತು. ಇವತ್ತು ನಿಮಗೆ ಸಿಗುವ ಕಪ್ಪು ಹೊದಿಕೆಯ ಪುಸ್ತಕ ಬಹುಪಾಲು ಇದೇ. ತೆರೆದು ನೋಡಿದರೆ ಮಾರ್ದುಕ್, ತಿಯಾಮತ್ ಮುಂತಾದ ಬ್ಯಾಬಿಲೋನಿನ ದೇವತೆಗಳು. ಮಾರ್ದುಕನ ಐವತ್ತು ಹೆಸರುಗಳು ನಿಜವಾದ ಬ್ಯಾಬಿಲೋನಿನ ಸೃಷ್ಟಿಕಾವ್ಯದಿಂದ ಎತ್ತಿದ್ದು. ಲವ್‌ಕ್ರಾಫ್ಟಿಗೂ ಇದಕ್ಕೂ ಇರುವ ನಂಟು ಬರೀ ಹೆಸರಿನದ್ದು.

1978ರದ್ದು ಇಂಗ್ಲೆಂಡಿನದು. ಜಾನ್ ಡೀಯ ಗೂಢಲಿಪಿಯನ್ನು ಕಂಪ್ಯೂಟರಿನಿಂದ ಬಿಡಿಸಿದಾಗ ಸಿಕ್ಕಿತು ಎಂದು ಕಥೆ ಕಟ್ಟಿದರು. ಮುನ್ನುಡಿ ಬರೆದ ಕಾಲಿನ್ ವಿಲ್ಸನ್ ಆಮೇಲೆ ಅದು ಬೇಕಂತಲೇ ಮಾಡಿದ ಕುಚೇಷ್ಟೆ ಎಂದು ಬರೆದೂ ಬಿಟ್ಟರು. ಆದರೂ ಅದನ್ನು ನಂಬುವವರು ನಂಬುತ್ತಲೇ ಇದ್ದಾರೆ.

ಇವಕ್ಕಿಂತ ನನಗೆ ಇಷ್ಟವಾದದ್ದು ವಿದ್ಯಾರ್ಥಿಗಳ ಕಿತಾಪತಿ. ಅಮೆರಿಕದ ಯೇಲ್, ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯಗಳ ಲೈಬ್ರರಿಯಲ್ಲಿ ಪುಸ್ತಕದ ಕಾರ್ಡುಗಳಿರುವ ಡ್ರಾಯರಿಗೆ ಯಾರೋ ನೆಕ್ರಾನಮಿಕಾನ್ ಹೆಸರಿನ ಕಾರ್ಡು ಟೈಪು ಮಾಡಿ ಸೇರಿಸಿದ್ದರು. ಕಾರ್ಡಿದೆ, ಪುಸ್ತಕ ಮಾತ್ರ ಕಪಾಟಿನಲ್ಲಿಲ್ಲ.

ಲವ್‌ಕ್ರಾಫ್ಟ್ ಇದು ಸುಳ್ಳು ಅಂತ ಒಪ್ಪಿಕೊಂಡಿದ್ದನಾ? ಯಾಕೆ ತಾನೇ ಪೂರ್ತಿ ಬರೆಯಲಿಲ್ಲ?

ಕೇಳಿದವರಿಗೆಲ್ಲ ಪತ್ರದಲ್ಲಿ ನೇರವಾಗಿ ಹೇಳುತ್ತಿದ್ದ, ನಾನೇ ಕಟ್ಟಿದ್ದು ಎಂದು. ಹುಡುಕಿ ಹೊತ್ತು ಕಳೆದುಕೊಳ್ಳುವವರನ್ನು ಕಂಡರೆ ಅವನಿಗೆ ಬೇಜಾರು. ಆದರೆ ಕಥೆಯೊಳಗೆ ಮಾತ್ರ ಆಟ ಬಿಡುತ್ತಿರಲಿಲ್ಲ. ಗೆಳೆಯರೂ ಸೇರಿಕೊಂಡರು. ಕ್ಲಾರ್ಕ್ ಆಷ್ಟನ್ ಸ್ಮಿತ್ ಇನ್ನೊಂದು ಮಾಟದ ಪುಸ್ತಕ ಕಟ್ಟಿದ, ರಾಬರ್ಟ್ ಹೊವಾರ್ಡ್ ಮತ್ತೊಂದು, ರಾಬರ್ಟ್ ಬ್ಲಾಕ್ ಮಗದೊಂದು. ಒಬ್ಬರ ಪುಸ್ತಕವನ್ನು ಇನ್ನೊಬ್ಬರು ತಮ್ಮ ಕಥೆಯಲ್ಲಿ ಹೆಸರಿಸಿದರು. ಬೇರೆ ಬೇರೆ ಲೇಖಕರು ಒಂದೇ ಗ್ರಂಥ ಹೆಸರಿಸಿದರೆ ಅದು ಇದ್ದೇ ಇರಬೇಕು ಎಂದು ಪತ್ರಿಕೆಯ ಓದುಗರಿಗೆ ಅನ್ನಿಸಿದ್ದರಲ್ಲಿ ಆಶ್ಚರ್ಯ ಇಲ್ಲ.

ಪೂರ್ತಿ ಬರೆಯಿರಿ ಎಂದು ಓದುಗರು ಕೇಳಿದ್ದರು. ಬರೆದರೆ ಈವರೆಗೆ ಅದರ ಹೆಸರಿಗೇ ನಡುಗಿದವರಿಗೆಲ್ಲ ನಿರಾಸೆಯಾಗುತ್ತದೆ ಎಂಬುದು ಅವನ ಉತ್ತರದ ಸಾರ. 1977ರ ಪುಸ್ತಕ ಓದಿದವರಿಗೆ ಈ ಮಾತು ಎಷ್ಟು ಸರಿ ಎಂದು ಗೊತ್ತು.

ಇದನ್ನ ನಂಬಿ ಪೂಜೆ ಮಾಡೋರು ಇದಾರಂತೆ?

ಇದ್ದಾರೆ, ವಿದೇಶದಲ್ಲಿ, ಸಣ್ಣ ಗುಂಪುಗಳು. ಬ್ರಿಟನ್ನಿನ ಕೆನೆತ್ ಗ್ರಾಂಟ್ ಎಂಬ ಮಾಂತ್ರಿಕ 1970ರ ದಶಕದಿಂದ ಒಂದು ವಾದ ಹೂಡಿದ. ಲವ್‌ಕ್ರಾಫ್ಟ್ ನಂಬಲಿ ಬಿಡಲಿ, ಕನಸಿನಲ್ಲಿ ಅವನಿಗೆ ಕಂಡದ್ದು ನಿಜವಾದ ಲೋಕವೇ ಎಂದು. ಇದಕ್ಕೆ ಎದುರುತ್ತರ ಕೊಡಲು ಲವ್‌ಕ್ರಾಫ್ಟ್ ಬದುಕಿರಲಿಲ್ಲ. ಆಮೇಲೆ ಬಂದ ಇನ್ನೊಂದು ಗುಂಪಿನವರು ಇನ್ನೂ ಚಾಲಾಕು. ದೇವತೆ ಕಲ್ಪಿತವಾದರೇನು, ನಂಬಿಕೆಯೇ ಸಲಕರಣೆ, ಕೆಲಸ ಆದರೆ ಸಾಕು ಅನ್ನುತ್ತಾರೆ. ಕೆಲಸ ಆಯಿತೋ ಇಲ್ಲವೋ ಎಂದು ತೀರ್ಮಾನಿಸುವವರೂ ಅವರೇ.

## ನಮ್ಮ ಕಡೆಯ ಪ್ರಶ್ನೆಗಳು

ಕೌಟಿಲ್ಯನ ಅರ್ಥಶಾಸ್ತ್ರವೂ ಕಳೆದುಹೋಗಿತ್ತು, ಮೈಸೂರಲ್ಲಿ ಸಿಗಲಿಲ್ವಾ? ಹಾಗೇ ಇದೂ ಒಂದಿನ ಸಿಗಬಹುದಲ್ವಾ?

ಬಂದ ಪ್ರಶ್ನೆಗಳಲ್ಲಿ ಇದೇ ಒಳ್ಳೆಯದು. ತಂಜಾವೂರು ಕಡೆಯ ಪಂಡಿತರೊಬ್ಬರು ಮೈಸೂರಿನ ಓರಿಯಂಟಲ್ ಲೈಬ್ರರಿಗೆ ತಾಳೆಗರಿ ಕಟ್ಟೊಂದನ್ನು ತಂದುಕೊಟ್ಟರು. 1905ರಲ್ಲಿ ಆರ್. ಶಾಮಶಾಸ್ತ್ರಿಗಳು ಅದು ಅರ್ಥಶಾಸ್ತ್ರ ಎಂದು ಗುರುತಿಸಿದರು, 1909ರಲ್ಲಿ ಅಚ್ಚಿಗೆ ತಂದರು. ನಿಜ.

ಆದರೆ ಕಟ್ಟು ಸಿಗುವ ಮೊದಲೇ ಅಂಥ ಪುಸ್ತಕ ಇತ್ತು ಎಂದು ಎಲ್ಲರಿಗೂ ಗೊತ್ತಿತ್ತು. ಸಂಸ್ಕೃತದ ಕವಿ ಬಾಣ ಅದನ್ನು ಬೈದಿದ್ದಾನೆ. ದಂಡಿ ಅದರ ಗಾತ್ರ ಹೇಳಿ ಗೇಲಿ ಮಾಡಿದ್ದಾನೆ. ವ್ಯಾಖ್ಯಾನಕಾರರು ಅದರ ಸಾಲು ಎತ್ತಿ ಬರೆದಿದ್ದಾರೆ. ಬೇರೆ ಬೇರೆ ಊರು, ಬೇರೆ ಬೇರೆ ಶತಮಾನ, ಒಬ್ಬರಿಗೊಬ್ಬರು ಸಂಬಂಧವಿಲ್ಲದ ಸಾಕ್ಷಿಗಳು. ಕಟ್ಟು ಸಿಕ್ಕಾಗ ಆ ಸಾಲುಗಳನ್ನು ಅದರ ಜೊತೆ ತಾಳೆ ನೋಡಲು ಬಂತು. ನೆಕ್ರಾನಮಿಕಾನಿಗೆ ಅಂಥ ಒಂದೇ ಒಂದು ಸಾಕ್ಷಿ 1922ರ ಹಿಂದೆ ಇಲ್ಲ. ಅಲ್‌ಹಜ್ರೆಡ್ ಸತ್ತ ಬಗೆಯನ್ನು ಇಬ್ನ್ ಖಲ್ಲಿಕಾನ್ ಬರೆದಿದ್ದಾನೆ ಎಂದು ಲವ್‌ಕ್ರಾಫ್ಟ್ ಹೇಳುತ್ತಾನೆ. ಇಬ್ನ್ ಖಲ್ಲಿಕಾನ್ 13ನೇ ಶತಮಾನದ ನಿಜವಾದ ಚರಿತ್ರಕಾರ, ಅವನ ಗ್ರಂಥ ಇಂಗ್ಲಿಷಿನಲ್ಲೇ ಸಿಗುತ್ತದೆ. ಅಲ್‌ಹಜ್ರೆಡ್ ಅದರಲ್ಲಿಲ್ಲ.

ನಮ್ಮ ಕನ್ನಡದಲ್ಲಿ ಇಂಥ ಹಳೇ ಮಂತ್ರದ ಪುಸ್ತಕ ಇದೆಯಾ?

ಹೆದರಿಸುವ ಪುಸ್ತಕ ಬೇಕಾದರೆ ಕಷ್ಟ. ಮಂತ್ರ ಇರುವ ಪುಸ್ತಕ ಬೇಕಾದರೆ ಧಾರಾಳ. ಒಂದೇ ಹೆಸರು ಹೇಳು ಅಂದರೆ 14ನೇ ಶತಮಾನದ ಒಂದನೇ ಮಂಗರಾಜನ ‘ಖಗೇಂದ್ರಮಣಿದರ್ಪಣ’ ಹೇಳುತ್ತೇನೆ. ಜೈನ ಕವಿ, ವಿಷವೈದ್ಯ. ಹಾವು, ಚೇಳು, ಗಿಡಮೂಲಿಕೆ ಹೀಗೆ ಬಗೆಬಗೆಯ ವಿಷಕ್ಕೆ ಪದ್ಯದಲ್ಲೇ ಮದ್ದು ಹೇಳುತ್ತಾನೆ. ಮದ್ದಿನ ಪಕ್ಕದಲ್ಲೇ ಮಂತ್ರವೂ ಬರುತ್ತದೆ. ಆ ಕಾಲದವರಿಗೆ ಎರಡೂ ಒಂದೇ ಪೆಟ್ಟಿಗೆಯ ಸಾಮಾನು.

ಕೊರಟಗೆರೆ ಹತ್ತಿರದ ಸಿದ್ದರ ಬೆಟ್ಟಕ್ಕೆ ಹೋದವರಿಗೆ ಈ ಜಗತ್ತು ಹೊಸದಲ್ಲ. ಗುಹೆ, ಸಿದ್ಧರ ಕಥೆ, ಗಿಡಮೂಲಿಕೆ ಹುಡುಕಿ ಬರುವ ಜನ ಎಲ್ಲ ಅಲ್ಲಿದ್ದಾರೆ. ಕೋಲಾರದಲ್ಲಿ ಕೋಲಾರಮ್ಮನ ಗುಡಿಗೆ ಚೇಳಿನ ಭಯಕ್ಕೆ ಹರಕೆ ಹೊರುತ್ತಾರೆ. ಇದನ್ನೆಲ್ಲ ಲವ್‌ಕ್ರಾಫ್ಟ್ ನೋಡಿದ್ದರೆ ಭಯಾನಕ ಮಾಡಿಬಿಡುತ್ತಿದ್ದ. ನಮಗೆ ಇದು ಭಾನುವಾರ ಬುತ್ತಿ ಕಟ್ಟಿಕೊಂಡು ಹೋಗುವ ಜಾಗ.

ಕೈವಾರ ತಾತಯ್ಯನವರ ಕಾಲಜ್ಞಾನಕ್ಕೂ ಇದಕ್ಕೂ ಏನಾದರೂ ಹೋಲಿಕೆ ಇದೆಯಾ?

ಇಲ್ಲ. ತಾತಯ್ಯನವರು ಬದುಕಿ ಬಾಳಿದವರು, ಅವರ ಕೀರ್ತನೆಗಳನ್ನು ಚಿಂತಾಮಣಿ ಸುತ್ತಮುತ್ತ ಈಗಲೂ ಜನ ತೆಲುಗಿನಲ್ಲೂ ಕನ್ನಡದಲ್ಲೂ ಹಾಡುತ್ತಾರೆ. ಅದು ಎಲ್ಲರೆದುರು ಹಾಡುವ ಭಕ್ತಿ. ಇದು ಬೀಗ ಹಾಕಿಟ್ಟ ಕಲ್ಪನೆ.

ನಮ್ಮ ಅಟ್ಟದ ಮೇಲೆ ತಾಳೆಗರಿ ಕಟ್ಟು ಇದೆ. ಮಾಟದ್ದು, ಮುಟ್ಟಬೇಡ ಅಂತಾರೆ ಅಜ್ಜಿ. ಏನ್ ಮಾಡ್ಲಿ?

ಮೊದಲು ಅಜ್ಜಿಯನ್ನೇ ಕೂರಿಸಿಕೊಂಡು ಬಿಚ್ಚಿ. ತಿಪಟೂರು ಕಡೆಯ ಒಂದು ಮನೆಯಲ್ಲಿ ಇಂಥದೇ ಕಟ್ಟು ಬಿಚ್ಚಿದಾಗ ನಾನು ಜೊತೆಗಿದ್ದೆ. ಕೆಂಪು ಬಟ್ಟೆ, ಅದರೊಳಗೆ ಎರಡು ಮರದ ಪಟ್ಟಿ, ಮಧ್ಯೆ ಗರಿಗಳು, ರಂಧ್ರದಲ್ಲಿ ಹತ್ತಿ ದಾರ. ಪ್ರತಿ ವರ್ಷ ಆಯುಧಪೂಜೆಗೆ ಕುಂಕುಮ, ನೀರು ಚಿಮುಕಿಸಿ ಮೇಲಿನ ಗರಿಗಳು ಒಂದಕ್ಕೊಂದು ಅಂಟಿಕೊಂಡಿದ್ದವು. ಅಂಚನ್ನೆಲ್ಲ ಹುಳು ತಿಂದಿತ್ತು. ಹಳಗನ್ನಡ ಬಲ್ಲ ಮೇಷ್ಟ್ರೊಬ್ಬರು ಕನ್ನಡಕ ಏರಿಸಿ ಓದಿದರು. ಗಣಪತಿ ಸ್ತುತಿ, ಆಮೇಲೆ ದನದ ಕಾಲುಬಾಯಿ ರೋಗಕ್ಕೆ ಔಷಧಿ, ಆಮೇಲೆ ಯಾರು ಯಾರು ಎಷ್ಟು ಕೊಳಗ ರಾಗಿ ಸಾಲ ಒಯ್ದಿದ್ದಾರೆ ಎಂಬ ಪಟ್ಟಿ. ಪಟ್ಟಿಯಲ್ಲಿ ಪಕ್ಕದ ಮನೆಯವರ ಮುತ್ತಜ್ಜನೂ ಇದ್ದ. ಮಾಟಕ್ಕಿಂತ ದೊಡ್ಡ ಗಲಾಟೆ ಆ ಸಾಯಂಕಾಲ ಅದರಿಂದಲೇ ಆಯಿತು!

ಮಾಡಬಾರದ್ದು: ನೀರು, ಕುಂಕುಮ, ಅರಿಶಿನ, ಕೊಬ್ಬರಿ ಎಣ್ಣೆ ಹಚ್ಚಬೇಡಿ. ಅಂಟಿದ ಗರಿಗಳನ್ನು ಎಳೆದು ಬಿಡಿಸಬೇಡಿ. ಲ್ಯಾಮಿನೇಷನ್ ಬೇಡವೇ ಬೇಡ. ಹೊಳೆಗೆ ಬಿಡಬೇಡಿ, ನಮ್ಮ ಎಷ್ಟೋ ಕಟ್ಟುಗಳು ಹೀಗೇ ಹೋಗಿವೆ. ಗರಿಯ ಮೇಲೆ ಕಂಠ ಎಂಬ ಕಬ್ಬಿಣದ ಮೊನೆಯಿಂದ ಗೀರಿ ಮಸಿ ಸವರಿ ಬರೆದಿರುತ್ತಾರೆ. ಮಸಿ ಹೋಗಿದ್ದರೆ ಅಕ್ಷರ ಕಾಣುವುದಿಲ್ಲ, ಆದರೆ ಗೀರು ಇರುತ್ತದೆ. ಪಕ್ಕದಿಂದ ಬೆಳಕು ಬಿಟ್ಟು ಮೊಬೈಲಿನಲ್ಲಿ ಫೋಟೊ ತೆಗೆಯಿರಿ. ಒಣ ಹತ್ತಿ ಬಟ್ಟೆಯಲ್ಲಿ ಸುತ್ತಿಡಿ. ಆಮೇಲೆ ಮೈಸೂರಿನ ಪ್ರಾಚ್ಯವಿದ್ಯಾ ಸಂಶೋಧನಾಲಯದಲ್ಲೋ ಹಂಪಿ ಕನ್ನಡ ವಿಶ್ವವಿದ್ಯಾಲಯದ ಹಸ್ತಪ್ರತಿ ವಿಭಾಗದಲ್ಲೋ ವಿಚಾರಿಸಿ. ಕೋ‌ಲಾರ, ಚಿಕ್ಕಬಳ್ಳಾಪುರ ಕಡೆಯ ಕಟ್ಟಾದರೆ ತೆಲುಗಿನದ್ದೂ ಇರಬಹುದು, ಓದಲು ಬರಲಿಲ್ಲ ಎಂದು ಮಂತ್ರ ಅಂದುಕೊಳ್ಳಬೇಡಿ.

ಒಬ್ಬರು ಈ ಪುಸ್ತಕದಲ್ಲಿ ನಿಧಿ ತೆಗೆಯೋ ಮಂತ್ರ ಇದೆ ಅಂತ ದುಡ್ಡು ಕೇಳ್ತಿದಾರೆ. ಕೊಡಬಹುದಾ?

ಬೇಡ. ಕಥೆಗಾರ ಹುಟ್ಟಿಸಿದ ಪುಸ್ತಕದಿಂದ ನಿಧಿ ಬರುವುದಿಲ್ಲ. ನಿಧಿಗೆಂದು ಮಾಟ ಮಾಡಿಸಿ ಅಮಾನುಷ ಕೃತ್ಯ ಎಸಗುವುದು ಕರ್ನಾಟಕದ 2017ರ ವಾಮಾಚಾರ ತಡೆ ಕಾಯ್ದೆಯಡಿ ಅಪರಾಧ. ಕಾಯ್ದೆ 2020ರ ಜನವರಿಯಿಂದ ಜಾರಿಯಲ್ಲಿದೆ. ಹಾವು, ಚೇಳು, ನಾಯಿ ಕಚ್ಚಿದವರಿಗೆ ಆಸ್ಪತ್ರೆ ತಪ್ಪಿಸಿ ಮಂತ್ರ ಹಾಕುವುದೂ ಅದೇ ಪಟ್ಟಿಯಲ್ಲಿದೆ. ನಿಧಿಗಳ್ಳರು ಅಗೆದು ಹಾಳು ಮಾಡಿದ ಹಳೇ ಗುಡಿಗಳನ್ನು ತುಮಕೂರು, ಕೋಲಾರ, ಚಿಕ್ಕಬಳ್ಳಾಪುರ ಮೂರೂ ಜಿಲ್ಲೆಗಳ ಜನ ಕಣ್ಣಾರೆ ನೋಡಿದ್ದಾರೆ. ದುಡ್ಡು ಕೇಳಿದವರ ಬಗ್ಗೆ ಪೊಲೀಸರಿಗೆ ಹೇಳಿ.

ಗೌರಿಬಿದನೂರು ತಾಲ್ಲೂಕಿನ ಹೊಸೂರಿನವರಾದ ಎಚ್. ನರಸಿಂಹಯ್ಯನವರು ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದಾಗ, 1976ರಲ್ಲಿ, ಪವಾಡಗಳನ್ನು ಪರೀಕ್ಷೆ ಮಾಡಲು ಸಮಿತಿಯನ್ನೇ ಮಾಡಿದ್ದರು. ನಿಮ್ಮ ಮನೆಗೆ ಬಂದವರನ್ನು ಪರೀಕ್ಷಿಸಲು ಸಮಿತಿ ಬೇಡ. ನಿಧಿ ಸಿಕ್ಕ ಮೇಲೆ ಅದರಲ್ಲೇ ಫೀಸು ಹಿಡಿದುಕೊಳ್ಳಿ ಅನ್ನಿ, ಸಾಕು.

## ಬರೆಯುವವರಿಗೆ, ಅನುವಾದಿಸುವವರಿಗೆ

ಲವ್‌ಕ್ರಾಫ್ಟ್ ಕಥೆಗಳನ್ನ ಕನ್ನಡಕ್ಕೆ ತರಬೇಕು. ಯಾರನ್ನ ಅನುಮತಿ ಕೇಳಬೇಕು?

ಯಾರನ್ನೂ ಬೇಡ. ನಮ್ಮ ದೇಶದಲ್ಲಿ ಲೇಖಕ ತೀರಿಕೊಂಡು 60 ವರ್ಷ ಕಳೆದರೆ ಹಕ್ಕುಸ್ವಾಮ್ಯ ಮುಗಿಯುತ್ತದೆ. 1937ರಿಂದ ಲೆಕ್ಕ ಹಾಕಿ. ನೆಕ್ರಾನಮಿಕಾನ್ ಹೆಸರನ್ನೂ ನಿಮ್ಮ ಕಥೆಯಲ್ಲಿ ಬಳಸಬಹುದು. ಆದರೆ ಸೈಮನ್ ಪುಸ್ತಕದಂಥ ಆಮೇಲಿನವು ಬೇರೆಯವರ ಬರವಣಿಗೆ, ಅವುಗಳಿಂದ ಎತ್ತಬೇಡಿ.

ಅರಬ್ಬಿಯವನನ್ನೇ ಯಾಕೆ ಹುಚ್ಚ ಮಾಡಿದ? ಇದು ದ್ವೇಷ ಅಲ್ವಾ?

ಲವ್‌ಕ್ರಾಫ್ಟನ ಜನಾಂಗದ್ವೇಷ ಗುಟ್ಟೇನಲ್ಲ. ಪತ್ರಗಳಲ್ಲಿ, ಕಥೆಗಳಲ್ಲಿ, ಒಂದು ಪದ್ಯದಲ್ಲೂ ಹೊಲಸಾಗಿ ಕಾಣುತ್ತದೆ. ವಲಸೆ ಬಂದವರು, ಕಪ್ಪು ಜನ, ಪೂರ್ವದವರು ಅಂದರೆ ಅವನಿಗೆ ಭಯ, ಅಸಹ್ಯ. ವರ್ಲ್ಡ್ ಫ್ಯಾಂಟಸಿ ಪ್ರಶಸ್ತಿಯಾಗಿ ಕೊಡುತ್ತಿದ್ದ ಅವನ ತಲೆಯ ಪ್ರತಿಮೆಯನ್ನು ನಿಲ್ಲಿಸುತ್ತೇವೆ ಎಂದು 2015ರಲ್ಲಿ ಘೋಷಿಸಿದ್ದು ಇದೇ ಕಾರಣಕ್ಕೆ. ಅಲ್‌ಹಜ್ರೆಡ್ ವಿಷಯದಲ್ಲಿ ಬಾಲ್ಯದ ಮೋಹವೂ ಸೇರಿದೆ ಅನ್ನುವುದು ನನ್ನ ಅನಿಸಿಕೆ. ಆದರೂ ‘ಹುಚ್ಚು ಅರಬ್ಬಿ’ ಎಂಬ ಬಿರುದು ಇವತ್ತಿನ ಕನ್ನಡ ಅನುವಾದದಲ್ಲಿ ಪುಟಕ್ಕೊಮ್ಮೆ ಬರಬೇಕಿಲ್ಲ. ನಮ್ಮ ಓದುಗರ ಗುಂಪಿನಲ್ಲಿ ಜೋರಾಗಿ ಓದುವಾಗ ‘ಆ ಕವಿ’ ಎಂದುಬಿಡುತ್ತೇವೆ. ಕಥೆಗೆ ಏನೂ ಕಡಿಮೆಯಾಗಿಲ್ಲ.

ನಾನೂ ನನ್ನ ಕಥೆಗೆ ಇಂಥ ಒಂದು ಪುಸ್ತಕ ಹುಟ್ಟಿಸಬೇಕು. ಎಲ್ಲಿಂದ ಶುರು ಮಾಡಲಿ?

ಮಂತ್ರದಿಂದ ಶುರು ಮಾಡಬೇಡಿ. ಪುಸ್ತಕ ಯಾರ ಕೈಯಿಂದ ಯಾರ ಕೈಗೆ ಹೋಯಿತು ಅನ್ನುವುದರಿಂದ ಶುರು ಮಾಡಿ. ಮಧುಗಿರಿ ಕೋಟೆಯ ಒಬ್ಬ ಕರಣಿಕ ನಕಲು ಮಾಡಿಕೊಂಡ ಅನ್ನಿ. ಅವನ ಮೊಮ್ಮಗ ಸಂತೆಯಲ್ಲಿ ಎಮ್ಮೆಗೆ ಬದಲಾಗಿ ಕೊಟ್ಟ ಅನ್ನಿ. ಬ್ರಿಟಿಷ್ ಸರ್ವೇಯರ್ ಒಬ್ಬ ಅದನ್ನು ನೋಡಿ ವರದಿಯಲ್ಲಿ ಎರಡು ಸಾಲು ಬರೆದ, ಮೂರನೇ ಸಾಲು ಹೊಡೆದುಹಾಕಿದ ಅನ್ನಿ. ಓದುಗರು ಆ ಮೂರನೇ ಸಾಲನ್ನೇ ಹುಡುಕುತ್ತಾರೆ.

ಇಸವಿಗಳನ್ನು ಸರಿಯಾಗಿ ಇಡಿ. ಆ ಕಾಲದ ಅಳತೆ, ನಾಣ್ಯ, ಊರಿನ ಹಳೇ ಹೆಸರು ಸರಿಯಿರಲಿ. ಸುಳ್ಳು ಒಂದೇ ಇರಲಿ, ಸುತ್ತ ನಿಜ ಇರಲಿ. ಪುಸ್ತಕದ ಸಾಲು ಕೊಡಲೇಬೇಕಾದರೆ ನಾಲ್ಕೇ ಸಾಲು ಕೊಡಿ, ಅದೂ ಎಲ್ಲಾದರೂ ಹರಿದಿರಲಿ. ಸಂಸ್ಕೃತದಂತೆ ಕೇಳಿಸುವ ಹ್ರೀಂ ಹ್ರೂಂಗಳಿಂದ ಪುಟ ತುಂಬಿಸಿದರೆ ನಮ್ಮ ಓದುಗರು ಹೆದರುವುದಿಲ್ಲ, ನಗುತ್ತಾರೆ. ಅವರು ಅಂಥದ್ದನ್ನು ಬಸ್ ಸ್ಟ್ಯಾಂಡಿನ ಪುಸ್ತಕದಂಗಡಿಯಲ್ಲಿ ಬೇಕಾದಷ್ಟು ನೋಡಿದ್ದಾರೆ. ಇನ್ನೊಂದು ಮಾತು. ಬದುಕಿರುವ ದೈವದ ಹೆಸರು, ಈಗಲೂ ಪೂಜೆ ನಡೆಯುವ ಗುಡಿ ಎಳೆದು ತರಬೇಡಿ. ಲವ್‌ಕ್ರಾಫ್ಟ್ ಮಾಡಿದ ಅದೇ ತಪ್ಪು ಅದು, ಬೇರೆಯವರ ಭಕ್ತಿಯನ್ನು ನಮ್ಮ ದೆವ್ವ ಮಾಡಿದ ಹಾಗೆ.

ಪುಟ 751ರಲ್ಲಿ ಏನಿದೆ?

‘ದಿ ಡನ್‌ವಿಚ್ ಹಾರರ್’ ಓದಿದವರು ಮಾತ್ರ ಕೇಳುವ ಪ್ರಶ್ನೆ. ಕಥೆ ಗೊತ್ತಾಗಬಾರದು ಅನ್ನುವವರು ಇಲ್ಲಿಗೆ ನಿಲ್ಲಿಸಿ.

ವಿಲ್ಬರ್ ವೇಟ್ಲಿ ಎಂಬ ವಿಚಿತ್ರ ಹುಡುಗನ ಹತ್ತಿರ ಜಾನ್ ಡೀಯ ಇಂಗ್ಲಿಷ್ ಪ್ರತಿ ಇದೆ, ಆದರೆ ಹಾಳಾದದ್ದು. 751ನೇ ಪುಟದಲ್ಲಿ ಇರಬೇಕಾದ ಭಾಗ ಅವನಿಗೆ ಬೇಕು. ಲ್ಯಾಟಿನ್ ಪ್ರತಿ ನೋಡಲು ಮಿಸ್ಕಟೋನಿಕ್ ಲೈಬ್ರರಿಗೆ ಬರುತ್ತಾನೆ. ಯೋಗ್-ಸೊಥೋತ್ ಹೆಸರಿರುವ ಒಂದು ಮಂತ್ರ ಹುಡುಕುತ್ತಿದ್ದೇನೆ ಎಂದು ತಾನೇ ಒಪ್ಪಿಕೊಳ್ಳುತ್ತಾನೆ. ಅವನು ನಕಲು ಮಾಡುತ್ತಿರುವಾಗ ಗ್ರಂಥಪಾಲಕ ಆರ್ಮಿಟೇಜ್ ಹೆಗಲ ಮೇಲಿಂದ ಬಗ್ಗಿ ತೆರೆದ ಪುಟ ಓದುತ್ತಾನೆ. ಆ ಪುಟದ ಒಂದು ಉದ್ದನೆಯ ಭಾಗವನ್ನು ಲವ್‌ಕ್ರಾಫ್ಟ್ ನಮಗೂ ಓದಲು ಕೊಡುತ್ತಾನೆ. ಅದರಲ್ಲಿ ಬಾಗಿಲಿನ ವರ್ಣನೆ ಇದೆ, ಆಚೆ ಇರುವವರ ವರ್ಣನೆ ಇದೆ. ತೆರೆಯುವ ಮಂತ್ರ ಮಾತ್ರ ಇಲ್ಲ.

ಆರ್ಮಿಟೇಜ್ ಪುಸ್ತಕ ಕೊಡಲು ಒಪ್ಪಲಿಲ್ಲ, ಬೇರೆ ಲೈಬ್ರರಿಗಳಿಗೂ ಎಚ್ಚರಿಕೆ ಬರೆದ. ಹಾರ್ವರ್ಡಿನವರೂ ಕೊಡಲಿಲ್ಲ. ವಿಲ್ಬರ್ ರಾತ್ರಿ ಕಳ್ಳತನಕ್ಕೆ ನುಗ್ಗಿದಾಗ ಲೈಬ್ರರಿಯ ಕಾವಲು ನಾಯಿ ಅವನನ್ನು ಹಿಡಿದು ಕೊಂದುಹಾಕಿತು. ಅವನ ಅಂಗಿಯೊಳಗಿನ ಮೈ ಹೇಗಿತ್ತು ಅನ್ನುವುದನ್ನು ಕಥೆಯಲ್ಲೇ ಓದಿ, ಊಟಕ್ಕೆ ಮುಂಚೆ ಬೇಡ.